ನೊಬೆಲ್ ಬಂದಾಗಲೆಲ್ಲ ‘ಮ್ಯಾಕ್ಸ್ ಪ್ಲಾಂಕ್’ ಹೆಸರೇ ಏಕೆ ಕೇಳಿಸುತ್ತದೆ?

ಪ್ರಶ್ನೆ: ನಾನು ಹಾಸನದಲ್ಲಿ ಹೈಸ್ಕೂಲ್ ವಿಜ್ಞಾನದ ಮೇಷ್ಟ್ರು. ಜರ್ಮನಿಯ ವಿಜ್ಞಾನಿಗಳಿಗೆ ನೊಬೆಲ್ ಬಂದಾಗ ಪತ್ರಿಕೆಯಲ್ಲಿ ‘ಮ್ಯಾಕ್ಸ್ ಪ್ಲಾಂಕ್ ಸಂಸ್ಥೆ’ ಎಂದು ಓದುತ್ತೇನೆ. ಕಪ್ಪುಕುಳಿಗೂ ಅದೇ, ಹವಾಮಾನಕ್ಕೂ ಅದೇ, ಮಿದುಳಿಗೂ ಅದೇ. ಇದು ಯೂನಿವರ್ಸಿಟಿಯಾ? ಒಂದೇ ಸಂಸ್ಥೆ ಇಷ್ಟು ವಿಷಯಗಳಲ್ಲಿ ಮುಂದಿರುವುದು ಹೇಗೆ? ಬರೀ ದುಡ್ಡಿನ ಬಲವಾ? ನನ್ನ ಮಗಳು ಲೈಫ್ ಸೈನ್ಸಸ್‌ನಲ್ಲಿ ಎಂ.ಎಸ್ಸಿ. ಓದುತ್ತಿದ್ದಾಳೆ. ಇಮ್ಯುನಾಲಜಿ (ರೋಗನಿರೋಧಕ ಶಕ್ತಿಯ ಅಧ್ಯಯನ) ಅಥವಾ ನ್ಯೂರೋಸೈನ್ಸ್‌ನಲ್ಲಿ (ನರಮಂಡಲದ ಅಧ್ಯಯನ) ಪಿಎಚ್.ಡಿ. ಮಾಡಲು ಅಲ್ಲಿಗೇ ಹೋಗುತ್ತೇನೆ ಅನ್ನುತ್ತಾಳೆ. ಕಳಿಸಬಹುದಾ?

ಉತ್ತರ: ಮೇಷ್ಟ್ರೇ, ಅದು ಯೂನಿವರ್ಸಿಟಿ ಅಲ್ಲ. ಒಂದೇ ಸಂಸ್ಥೆಯೂ ಅಲ್ಲ. ಮ್ಯಾಕ್ಸ್ ಪ್ಲಾಂಕ್ ಸೊಸೈಟಿ ಅನ್ನುವುದು 80ಕ್ಕೂ ಹೆಚ್ಚು ಸಂಶೋಧನಾ ಸಂಸ್ಥೆಗಳ ಕೂಟ. ಕಪ್ಪುಕುಳಿಯವರು ಮ್ಯೂನಿಕ್ ಪಕ್ಕದ ಗಾರ್ಶಿಂಗ್‌ನಲ್ಲಿದ್ದಾರೆ, ಹವಾಮಾನದವರು ಹ್ಯಾಂಬರ್ಗ್‌ನಲ್ಲಿ, ಇಮ್ಯುನಾಲಜಿಯವರು ಫ್ರೈಬುರ್ಗ್‌ನಲ್ಲಿ. ಒಬ್ಬರ ಮುಖ ಇನ್ನೊಬ್ಬರು ನೋಡಿರುವುದೂ ಅನುಮಾನ. ಅಲ್ಲಿ ಬಿ.ಎಸ್ಸಿ. ಕ್ಲಾಸುಗಳಿಲ್ಲ, ಪರೀಕ್ಷೆಗಳಿಲ್ಲ, ಡಿಗ್ರಿ ಕೊಡುವ ಅಧಿಕಾರವೂ ಇಲ್ಲ. ನಿಮ್ಮ ಮಗಳು ಅಲ್ಲಿ ಕೆಲಸ ಮಾಡಿದರೂ ಡಾಕ್ಟರೇಟ್ ಬರುವುದು ಯಾವುದಾದರೂ ಯೂನಿವರ್ಸಿಟಿಯಿಂದಲೇ.

ದುಡ್ಡಿನ ಮಾತು. ವರ್ಷಕ್ಕೆ ಸುಮಾರು 200 ಕೋಟಿ ಯೂರೋ ಬಜೆಟ್ ಇದೆ. ಅದರಲ್ಲಿ ಬಹುಪಾಲು ಸರ್ಕಾರದ್ದು. ಆ ಪಾಲನ್ನು ಕೇಂದ್ರ ಮತ್ತು ರಾಜ್ಯಗಳು ಹೆಚ್ಚೂಕಡಿಮೆ ಅರ್ಧರ್ಧ ಹಂಚಿಕೊಳ್ಳುತ್ತವೆ. ಕಡಿಮೆ ಮೊತ್ತವೇನಲ್ಲ. ಆದರೆ ಇದಕ್ಕಿಂತ ಜಾಸ್ತಿ ದುಡ್ಡು ಸುರಿಯುವ ದೇಶಗಳೂ ಇವೆ. ನನ್ನ ಪ್ರಕಾರ ವ್ಯತ್ಯಾಸ ಇರುವುದು ದುಡ್ಡನ್ನು ಯಾರ ಕೈಗೆ ಕೊಡುತ್ತಾರೆ ಅನ್ನುವುದರಲ್ಲಿ. ಬೇರೆ ಕಡೆ ವಿಷಯ ಮೊದಲು, ಆಮೇಲೆ ಜನ. ನೀವು ಪ್ರಾಜೆಕ್ಟ್ ಬರೆದು ಕೊಡಬೇಕು, ಮೂರು ವರ್ಷಕ್ಕೆ ಗ್ರಾಂಟ್ ಬರುತ್ತದೆ, ಮುಗಿದ ಮೇಲೆ ಮತ್ತೆ ಬರೆಯಬೇಕು. ಇಲ್ಲಿ ಮೊದಲು ಒಬ್ಬ ವ್ಯಕ್ತಿಯನ್ನು ಹುಡುಕುತ್ತಾರೆ. ಆತನಿಗೋ ಆಕೆಗೋ ಒಂದು ವಿಭಾಗವನ್ನೇ ಕಟ್ಟಿಕೊಟ್ಟು, ನಿವೃತ್ತಿಯವರೆಗೂ ಸಂಬಳ, ಸಿಬ್ಬಂದಿ, ಲ್ಯಾಬ್ ಕೊಟ್ಟು, ‘ಏನು ಮಾಡಬೇಕೋ ನೀವೇ ನೋಡಿಕೊಳ್ಳಿ’ ಅನ್ನುತ್ತಾರೆ. ಸಂಸ್ಥೆಯ ಒಳ್ಳೆಯದೂ ಕೆಟ್ಟದ್ದೂ ಎರಡೂ ಇದರಿಂದಲೇ ಬಂದಿವೆ.

ಈ ಪದ್ಧತಿಗೆ ಹಾರ್ನಾಕ್ ತತ್ವ ಎಂದು ಹೆಸರು. ಮ್ಯಾಕ್ಸ್ ಪ್ಲಾಂಕ್ ಸೊಸೈಟಿಯ ಹಳೆಯ ರೂಪ ಕೈಸರ್ ವಿಲ್ಹೆಲ್ಮ್ ಸೊಸೈಟಿ. ಅದು ಬರ್ಲಿನ್‌ನಲ್ಲಿ 1911ರಲ್ಲಿ ಶುರುವಾಯಿತು. ಮೊದಲ ಅಧ್ಯಕ್ಷ ಅಡಾಲ್ಫ್ ಫಾನ್ ಹಾರ್ನಾಕ್. ಅವರು ವಿಜ್ಞಾನಿಯೇ ಅಲ್ಲ, ಕ್ರೈಸ್ತ ಧರ್ಮಶಾಸ್ತ್ರದ ಪ್ರೊಫೆಸರ್!

ಐನ್‌ಸ್ಟೈನ್ ಬರ್ಲಿನ್‌ಗೆ ಬಂದದ್ದೂ ಇದೇ ಮನೋಭಾವದಿಂದ. 1913ರ ಬೇಸಿಗೆಯಲ್ಲಿ ಬರ್ಲಿನ್‌ನ ವಿಜ್ಞಾನಿಗಳಾದ ಮ್ಯಾಕ್ಸ್ ಪ್ಲಾಂಕ್ (ಸೊಸೈಟಿಗೆ ಮುಂದೆ ಬಂದದ್ದು ಇವರದೇ ಹೆಸರು) ಮತ್ತು ವಾಲ್ಟರ್ ನೆರ್ನ್‌ಸ್ಟ್ ಇಬ್ಬರೂ ಜ್ಯೂರಿಕ್‌ಗೆ ಹೋಗಿ ಕರೆದರು. ವರ್ಷಕ್ಕೆ 12,000 ಮಾರ್ಕ್ ಸಂಬಳ, ಅಲ್ಲಿನ ವಿಜ್ಞಾನ ಅಕಾಡೆಮಿಯ ಸದಸ್ಯತ್ವ, ಪ್ರೊಫೆಸರ್ ಪದವಿ, ಆದರೆ ಪಾಠ ಮಾಡುವ ಕಟ್ಟುಪಾಡಿಲ್ಲ. 1914ರಲ್ಲಿ ಬಂದರು. 1915ರ ನವೆಂಬರ್ ಹೊತ್ತಿಗೆ ಸಾಮಾನ್ಯ ಸಾಪೇಕ್ಷತೆಯ ಸಮೀಕರಣಗಳು ಪೂರ್ತಿಯಾದವು. 1917ರಲ್ಲಿ ಅವರಿಗಾಗಿ ಭೌತವಿಜ್ಞಾನದ ಸಂಸ್ಥೆಯೊಂದನ್ನೂ ತೆರೆದರು. ಅದಕ್ಕೆ ಕಟ್ಟಡವೇ ಇರಲಿಲ್ಲ. ಸಂಸ್ಥೆಯ ವಿಳಾಸ ಐನ್‌ಸ್ಟೈನ್ ಮನೆಯ ವಿಳಾಸವೇ ಆಗಿತ್ತು. ಕಟ್ಟಡ ಎದ್ದದ್ದು 1937ರಲ್ಲಿ. ಅಷ್ಟು ಹೊತ್ತಿಗೆ ಅವರು ದೇಶ ಬಿಟ್ಟು ವರ್ಷಗಳೇ ಕಳೆದಿದ್ದವು.

ಹತ್ತಿರದ ಉದಾಹರಣೆ ರೈನ್‌ಹಾರ್ಡ್ ಗೆಂಟ್ಸೆಲ್. 1986ರಲ್ಲಿ ಗಾರ್ಶಿಂಗ್‌ನ ಸಂಸ್ಥೆಗೆ ನಿರ್ದೇಶಕರಾಗಿ ಬಂದರು. ನಮ್ಮ ಆಕಾಶಗಂಗೆಯ ನಟ್ಟನಡುವೆ ಏನಿದೆ ಅನ್ನುವುದು ಅವರ ಪ್ರಶ್ನೆ. 1990ರ ದಶಕದ ಆರಂಭದಿಂದ ಚಿಲಿಯ ದೂರದರ್ಶಕಗಳಲ್ಲಿ ಅದೇ ಜಾಗವನ್ನು ನೋಡುತ್ತಾ ಕೂತರು. ಅಲ್ಲಿ ಎಸ್2 ಎಂಬ ನಕ್ಷತ್ರವಿದೆ. ಕಣ್ಣಿಗೆ ಕಾಣದ ಏನನ್ನೋ ಅದು ಸುಮಾರು 16 ವರ್ಷಕ್ಕೊಮ್ಮೆ ಸುತ್ತುತ್ತದೆ. 2002ರಲ್ಲಿ ಒಮ್ಮೆ ತೀರಾ ಹತ್ತಿರ ಬಂತು, ಮತ್ತೆ 2018ರಲ್ಲಿ ಬಂತು. ನಡುವೆ ಇರುವುದು 40 ಲಕ್ಷ ಸೂರ್ಯರಷ್ಟು ತೂಕದ ಕಪ್ಪುಕುಳಿ ಎಂಬುದು ಈ ಓಡಾಟದಿಂದ ಗಟ್ಟಿಯಾಯಿತು. 2020ರಲ್ಲಿ ನೊಬೆಲ್ ಬಂತು. ಅಮೆರಿಕದ ಆಂಡ್ರಿಯಾ ಗೆಜ್ ಅವರ ಪ್ರತಿಸ್ಪರ್ಧಿ ತಂಡವೂ ಬೇರೆಯಾಗಿ ಅದೇ ಉತ್ತರಕ್ಕೆ ಬಂದಿತ್ತು, ಆಕೆಗೂ ಪಾಲು ಸಿಕ್ಕಿತು. ಒಂದು ನಕ್ಷತ್ರ ಒಂದು ಸುತ್ತು ಮುಗಿಸಲಿ ಎಂದು 16 ವರ್ಷ ಕಾಯುವುದನ್ನು ಮೂರು ವರ್ಷದ ಗ್ರಾಂಟ್ ಅರ್ಜಿಯಲ್ಲಿ ಹೇಗೆ ಬರೆಯುತ್ತೀರಿ ಹೇಳಿ?

ಇನ್ನು ನಿಮ್ಮ ಮಗಳ ವಿಷಯಕ್ಕೆ ಬರೋಣ. ಇಮ್ಯುನಾಲಜಿಗೂ ಜರ್ಮನಿಗೂ ಹಳೆಯ ನಂಟು. 1890ರಲ್ಲಿ ಬರ್ಲಿನ್‌ನ ರಾಬರ್ಟ್ ಕಾಖ್ ಅವರ ಸಂಸ್ಥೆಯಲ್ಲಿ ಎಮಿಲ್ ಬೇರಿಂಗ್ ಮತ್ತು ಜಪಾನಿನ ಕಿಟಸಾಟೊ ಒಂದು ವಿಷಯ ತೋರಿಸಿದರು. ರೋಗ ಗೆದ್ದ ಪ್ರಾಣಿಯ ರಕ್ತದ ಸೀರಂ (ರಕ್ತ ಹೆಪ್ಪುಗಟ್ಟಿದ ಮೇಲೆ ಉಳಿಯುವ ತಿಳಿ ದ್ರವ) ಇನ್ನೊಂದು ಪ್ರಾಣಿಯನ್ನು ಕಾಪಾಡಬಲ್ಲದು. ಇದರಿಂದ ಗಂಟಲಮಾರಿಗೆ, ಅಂದರೆ ಡಿಫ್ತೀರಿಯಾಕ್ಕೆ ಚಿಕಿತ್ಸೆ ಬಂತು. 1901ರಲ್ಲಿ ವೈದ್ಯಕೀಯದ ಮೊಟ್ಟಮೊದಲ ನೊಬೆಲ್ ಬೇರಿಂಗ್‌ಗೆ ಸಿಕ್ಕಿತು. ಆದರೆ ಒಂದು ಬಾಟಲಿ ಸೀರಂ ಕೆಲಸ ಮಾಡುತ್ತಿತ್ತು, ಇನ್ನೊಂದು ಮಾಡುತ್ತಿರಲಿಲ್ಲ. ಅದರ ಶಕ್ತಿಯನ್ನು ಅಳೆಯುವ ದಾರಿ ಹಾಕಿಕೊಟ್ಟವರು ಪಾಲ್ ಎರ್ಲಿಖ್. ಈ ಅಳತೆಯ ಕೆಲಸವಿಲ್ಲದಿದ್ದರೆ ಬೇರಿಂಗ್ ಅವರ ಸೀರಂ ಪ್ರಯೋಗಾಲಯದಿಂದ ಆಸ್ಪತ್ರೆಗೆ ಅಷ್ಟು ಬೇಗ ಬರುತ್ತಿರಲಿಲ್ಲ ಅಂತ ನನಗನಿಸುತ್ತದೆ. ಎರ್ಲಿಖ್‌ಗೆ ಸಿಗಬೇಕಾದಷ್ಟು ಹೆಸರು ನಮ್ಮ ಪಠ್ಯಪುಸ್ತಕಗಳಲ್ಲಿ ಸಿಕ್ಕಿಲ್ಲ.

ಆಮೇಲೆ ಬಂದವರು ಗಿಯೋರ್ಗ್ ಕೋಲರ್. ಮ್ಯೂನಿಕ್‌ನಲ್ಲಿ ಹುಟ್ಟಿ ಫ್ರೈಬುರ್ಗ್‌ನಲ್ಲಿ ಓದಿದವರು. ದೊಡ್ಡ ಕೆಲಸ ನಡೆದದ್ದು ಮಾತ್ರ ಇಂಗ್ಲೆಂಡಿನ ಕೇಂಬ್ರಿಜ್‌ನಲ್ಲಿ, ಸೀಸರ್ ಮಿಲ್‌ಸ್ಟೀನ್ ಜೊತೆ, 1975ರಲ್ಲಿ. ಆಂಟಿಬಾಡಿ, ಅಂದರೆ ರೋಗಾಣುಗಳ ವಿರುದ್ಧ ಹೋರಾಡುವ ಪ್ರೋಟೀನು, ತಯಾರಿಸುವ ಬಿ ಕೋಶ ಲ್ಯಾಬಿನಲ್ಲಿ ಬೇಗ ಸಾಯುತ್ತದೆ. ಕ್ಯಾನ್ಸರ್ ಕೋಶ ಸಾಯುವುದೇ ಇಲ್ಲ. ಇವರು ಎರಡನ್ನೂ ಬೆಸೆದರು. ಹುಟ್ಟಿದ ಕೋಶ ಒಂದೇ ಬಗೆಯ ಆಂಟಿಬಾಡಿಯನ್ನು ಎಷ್ಟು ಬೇಕಾದರೂ ಮಾಡಿಕೊಡುತ್ತದೆ. ಇದೇ ಮಾನೋಕ್ಲೋನಲ್ ಆಂಟಿಬಾಡಿ. ಇದಕ್ಕೆ ಅವರು ಪೇಟೆಂಟ್ ಕೂಡ ಮಾಡಿಸಲಿಲ್ಲ. ಹೆಸರಿನ ಕೊನೆಗೆ ‘ಮಾಬ್’ ಇರುವ ಔಷಧಿಗಳ ವಂಶ ಶುರುವಾಗುವುದು ಇಲ್ಲಿಂದಲೇ. ಸ್ತನ ಕ್ಯಾನ್ಸರ್‌ಗೆ ಕೊಡುವ ಟ್ರಾಸ್ಟುಜುಮಾಬ್ ಅಂಥದ್ದೇ, ಅದನ್ನು ಬೆಂಗಳೂರಿನ ಬಯೋಕಾನ್ ಕೂಡ ತಯಾರಿಸುತ್ತದೆ. 1984ರಲ್ಲಿ ಕೋಲರ್‌ಗೆ ನೊಬೆಲ್ ಬಂತು. ಅದೇ ವರ್ಷ, 38ರ ವಯಸ್ಸಿನಲ್ಲಿ, ಫ್ರೈಬುರ್ಗ್‌ನ ಮ್ಯಾಕ್ಸ್ ಪ್ಲಾಂಕ್ ಸಂಸ್ಥೆಯ ನಿರ್ದೇಶಕರಾದರು. 1995ರಲ್ಲಿ ತೀರಿಕೊಂಡಾಗ ಅವರಿಗಿನ್ನೂ 50 ತುಂಬಿರಲಿಲ್ಲ.

ನನಗೆ ಇದಕ್ಕಿಂತ ಇಷ್ಟವಾದ ಕಥೆ ನೊಣದ್ದು. ಕ್ರಿಸ್ಟಿಯಾನೆ ನ್ಯೂಸ್ಲೈನ್-ಫೋಲ್‌ಹಾರ್ಡ್ ಟ್ಯೂಬಿಂಗನ್‌ನ ಮ್ಯಾಕ್ಸ್ ಪ್ಲಾಂಕ್ ಸಂಸ್ಥೆಯಲ್ಲಿ ಹಣ್ಣಿನ ನೊಣದ ಮೊಟ್ಟೆ ಮರಿಯಾಗುವುದು ಹೇಗೆ ಅಂತ ನೋಡುತ್ತಿದ್ದರು. ಬೆನ್ನು ಎಲ್ಲಿ, ಹೊಟ್ಟೆ ಎಲ್ಲಿ ಅನ್ನುವುದನ್ನು ಮೊಟ್ಟೆ ಹೇಗೆ ತೀರ್ಮಾನಿಸುತ್ತದೆ? ಇದು ಅವರ ಪ್ರಶ್ನೆ. ರೋಗಕ್ಕೂ ಔಷಧಿಗೂ ಏನೇನೂ ಸಂಬಂಧವಿಲ್ಲ. ಆ ತೀರ್ಮಾನದಲ್ಲಿ ಕೈ ಇರುವ ಒಂದು ಜೀನ್ ಹೆಸರು ಟೋಲ್. 1996ರಲ್ಲಿ ಫ್ರಾನ್ಸಿನ ಸ್ಟ್ರಾಸ್‌ಬುರ್ಗ್‌ನಲ್ಲಿ ಜೂಲ್ಸ್ ಹಾಫ್‌ಮನ್ ಅವರ ತಂಡ ಅದೇ ಜೀನ್ ಬೆಳೆದ ನೊಣವನ್ನು ಶಿಲೀಂಧ್ರದ ಸೋಂಕಿನಿಂದ ಕಾಪಾಡುತ್ತದೆ ಅಂತ ಕಂಡುಕೊಂಡಿತು. ಹುಡುಕಿದರೆ ಅದರ ಬಂಧುಗಳು ನಮ್ಮ ದೇಹದಲ್ಲೂ ಸಿಕ್ಕವು. ಬ್ಯಾಕ್ಟೀರಿಯಾ ಒಳಗೆ ಬಂದಿದೆ ಎಂದು ದೇಹಕ್ಕೆ ಮೊದಲು ಗೊತ್ತಾಗುವುದು ಇವುಗಳಿಂದ. ಇವತ್ತು ಇಮ್ಯುನಾಲಜಿ ಪುಸ್ತಕದಲ್ಲಿ ಟೋಲ್ ಥರದ ರಿಸೆಪ್ಟರ್‌ಗಳಿಗೆ ಒಂದು ಅಧ್ಯಾಯವೇ ಇದೆ, ನಿಮ್ಮ ಮಗಳನ್ನು ಕೇಳಿ ನೋಡಿ. ‘ನೊಣದ ಹೊಟ್ಟೆ ಎಲ್ಲಿ’ ಎಂದು ಕೇಳಲು ಯಾರೋ ಬಿಟ್ಟಿದ್ದರಲ್ಲ, ಆದ್ದರಿಂದ ಇದಾಯಿತು.

ಇನ್ನೊಂದು ಸಂಗತಿಯನ್ನು ಜನ ಗಮನಿಸುವುದಿಲ್ಲ. ಅಲ್ಲಿ ಥಿಯರಿಯವರೂ ಉಪಕರಣ ಮಾಡುವವರೂ ಒಂದೇ ಊರಿನಲ್ಲಿ, ಎಷ್ಟೋ ಸಲ ಒಂದೇ ಸೂರಿನಡಿ ಇರುತ್ತಾರೆ. ಪಿಯುಸಿ ಪುಸ್ತಕದಲ್ಲಿ ಬರುವ ಕ್ವಾಂಟಂ ಸಿದ್ಧಾಂತವನ್ನೇ ತಗೊಳ್ಳಿ. ಅದು ಪ್ಲಾಂಕ್ ತಲೆಯಲ್ಲಿ ಸುಮ್ನೆ ಹೊಳೆದದ್ದಲ್ಲ. ಬರ್ಲಿನ್‌ನಲ್ಲಿ 1887ರಿಂದ ಅಳತೆ-ಮಾಪನಗಳ ಸರ್ಕಾರಿ ಸಂಸ್ಥೆಯೊಂದಿತ್ತು. ದೀಪಗಳ ಬೆಳಕನ್ನು ಅಳೆಯಲು ನಂಬಿಕಸ್ಥ ಮಾನದಂಡ ಬೇಕಿತ್ತು. ಅದಕ್ಕಾಗಿ ಕಾದ ಕುಲುಮೆಯಿಂದ ಹೊರಬರುವ ವಿಕಿರಣವನ್ನು ಅಳೆಯುತ್ತಿದ್ದರು. 1900ರ ಅಕ್ಟೋಬರ್ 7, ಭಾನುವಾರ, ಆ ಅಳತೆ ಮಾಡುತ್ತಿದ್ದವರಲ್ಲಿ ಒಬ್ಬರಾದ ಹೈನ್‌ರಿಖ್ ರೂಬೆನ್ಸ್ ಪ್ಲಾಂಕ್ ಮನೆಗೆ ಬಂದಿದ್ದರು. ಉದ್ದ ಅಲೆಗಳಲ್ಲಿ ಹಳೆಯ ಸೂತ್ರ ಅಳತೆಗೆ ಹೊಂದುತ್ತಿಲ್ಲ ಎಂದು ಹೇಳಿದರು. ಅಂದೇ ಪ್ಲಾಂಕ್ ಹೊಸ ಸೂತ್ರಕ್ಕೆ ಕೈಹಾಕಿದರು. ಡಿಸೆಂಬರ್ 14ಕ್ಕೆ ಅದರ ಹಿಂದಿನ ಕಾರಣವನ್ನೂ ಮಂಡಿಸಿದರು. ಶಕ್ತಿ ತುಣುಕು ತುಣುಕಾಗಿ ಬರುತ್ತದೆ ಎಂದು. ದೀಪದ ಅಳತೆಗೆ ಹೊರಟವರು ಭೌತಶಾಸ್ತ್ರದ ಬುಡವನ್ನೇ ಅಲ್ಲಾಡಿಸಿದರು.

ನ್ಯೂರೋಸೈನ್ಸ್‌ನಲ್ಲೂ ಹೀಗೇ ಆಯಿತು. ನರಕೋಶದ ಹೊರಪೊರೆಯಲ್ಲಿ ವಿದ್ಯುದಾವೇಶವಿರುವ ಅಯಾನುಗಳು ಹೋಗಿಬರುವ ಸಣ್ಣ ಬಾಗಿಲುಗಳಿರಬೇಕು ಅಂತ ಎಲ್ಲರೂ ನಂಬಿದ್ದರು, ನೋಡಿದವರಿಲ್ಲ. ಒಂದು ಬಾಗಿಲಿನಲ್ಲಿ ಹರಿಯುವ ಕರೆಂಟ್ ಆಂಪಿಯರ್‌ನ ಲಕ್ಷ ಕೋಟಿಯಲ್ಲಿ ಕೆಲವು ಪಾಲು. ಸುತ್ತಲಿನ ವಿದ್ಯುತ್ ಗಲಾಟೆಯಲ್ಲಿ ಅದು ಮುಳುಗಿಹೋಗುತ್ತದೆ. ಗ್ಯೋಟಿಂಗನ್‌ನ ಮ್ಯಾಕ್ಸ್ ಪ್ಲಾಂಕ್ ಸಂಸ್ಥೆಯಲ್ಲಿ ಎರ್ವಿನ್ ನೇಹರ್ ಮತ್ತು ಬರ್ಟ್ ಸಾಕ್‌ಮನ್ ಎಂಬ ಇಬ್ಬರಿದ್ದರು. ಮೂವತ್ತು ದಾಟಿದ ಯುವಕರು, ಒಬ್ಬರು ಭೌತಶಾಸ್ತ್ರದವರು, ಇನ್ನೊಬ್ಬರು ಡಾಕ್ಟರ್. ಗಾಜಿನ ನಳಿಗೆಯ ತುದಿಯನ್ನು ಮಿಲಿಮೀಟರಿನ ಸಾವಿರದಲ್ಲೊಂದು ಪಾಲಿನಷ್ಟು ಸಣ್ಣದು ಮಾಡಿ ಕಪ್ಪೆಯ ಸ್ನಾಯುಕೋಶದ ಮೇಲಿಟ್ಟರು. 1976ರಲ್ಲಿ ಒಂದೇ ಒಂದು ಬಾಗಿಲು ತೆರೆದು ಮುಚ್ಚುವುದು ಕಾಗದದ ಮೇಲೆ ಮೆಟ್ಟಿಲು ಮೆಟ್ಟಿಲಾಗಿ ಮೂಡಿತು. ಆದರೂ ಗಲಾಟೆ ಪೂರ್ತಿ ಹೋಗಿರಲಿಲ್ಲ, ನಳಿಗೆಯ ಅಂಚಿನಿಂದ ಕರೆಂಟ್ ಸೋರುತ್ತಿತ್ತು. ನಾಲ್ಕೈದು ವರ್ಷ ಅದೇ ಸೋರಿಕೆಯ ಹಿಂದೆ ಬಿದ್ದರು. ಕೊನೆಗೆ ಸಿಕ್ಕ ಉಪಾಯ ಎಷ್ಟು ಸುಲಭದ್ದು ಗೊತ್ತಾ? ಹೊಸದಾಗಿ ಮಾಡಿದ ಶುಚಿಯಾದ ನಳಿಗೆ, ಆಮೇಲೆ ಎಳನೀರಿನ ಸ್ಟ್ರಾ ಎಳೆದ ಹಾಗೆ ಸ್ವಲ್ಪ ಹೀರಬೇಕು, ಅಷ್ಟೇ. ಕೋಶದ ಪೊರೆ ಗಾಜಿಗೆ ಗಟ್ಟಿಯಾಗಿ ಅಂಟಿಕೊಂಡು, ಸೋರಿಕೆಗೆ 100 ಕೋಟಿ ಓಮ್‌ಗೂ ಮೀರಿದ ತಡೆ ಬಂತು.

ಇದೇ ಪ್ಯಾಚ್ ಕ್ಲ್ಯಾಂಪ್. 1991ರಲ್ಲಿ ಇಬ್ಬರಿಗೂ ನೊಬೆಲ್. ನಮ್ಮ ಮನೆಗಳಲ್ಲಿ ಹಿರಿಯರು ನುಂಗುವ ಗ್ಲಿಬೆನ್‌ಕ್ಲಮೈಡ್, ಗ್ಲಿಮೆಪಿರೈಡ್ ಸಕ್ಕರೆ ಮಾತ್ರೆಗಳ ಜಾತಿ ಇದೆಯಲ್ಲ, ಅವು ಮೇದೋಜೀರಕ ಗ್ರಂಥಿಯ ಬೀಟಾ ಕೋಶಗಳಲ್ಲಿರುವ ಪೊಟ್ಯಾಸಿಯಂ ಬಾಗಿಲನ್ನು ಮುಚ್ಚಿಸಿ ಇನ್ಸುಲಿನ್ ಹೊರಡಿಸುತ್ತವೆ ಅಂತ ಸ್ಪಷ್ಟವಾದದ್ದು ಈ ವಿಧಾನದಿಂದಲೇ. ಹೊಸ ಔಷಧಿಯೊಂದು ಹೃದಯದ ಬಡಿತ ಕೆಡಿಸುತ್ತದೋ ಎಂದು ಪರೀಕ್ಷಿಸುವಾಗಲೂ ಇದನ್ನು ಬಳಸುತ್ತಾರೆ.

ಗುರುತ್ವದ ಅಲೆಗಳದ್ದೂ ಒಂದು ಮಾತು ಹೇಳಿಬಿಡುತ್ತೇನೆ. 2015ರ ಸೆಪ್ಟೆಂಬರ್ 14ರಂದು ಈ ಅಲೆಗಳನ್ನು ಹಿಡಿಯುವ ಅಮೆರಿಕದ ಲೈಗೋ ಯಂತ್ರಗಳಿಗೆ ಎರಡು ಕಪ್ಪುಕುಳಿಗಳು ಒಂದಾದದ್ದರ ಮೊದಲ ಸಂಕೇತ ಸಿಕ್ಕಿತು. ಅದನ್ನು ಮೊದಲು ಕಂಡದ್ದು ಜರ್ಮನಿಯ ಹ್ಯಾನೋವರ್‌ನ ಮ್ಯಾಕ್ಸ್ ಪ್ಲಾಂಕ್ ಸಂಸ್ಥೆಯಲ್ಲಿ, ಕಂಪ್ಯೂಟರ್ ಮುಂದೆ ಕೂತಿದ್ದ ಒಬ್ಬ ಪೋಸ್ಟ್‌ಡಾಕ್, ಅಂದರೆ ಪಿಎಚ್.ಡಿ. ಮುಗಿಸಿದ ಯುವ ಸಂಶೋಧಕ. ಹೀಗೆ ಕಲಕಿದ ಕಪ್ಪುಕುಳಿ ಹೇಗೆ ಅದುರಿ ತಣ್ಣಗಾಗುತ್ತದೆ ಅಂತ 1970ರಲ್ಲೇ ಲೆಕ್ಕ ತೋರಿಸಿದವರು ನಮ್ಮ ಬೆಂಗಳೂರಿನ ಸಿ.ವಿ. ವಿಶ್ವೇಶ್ವರ. ಮಕ್ಕಳಿಗೆ ಹೇಳಿ.

ಈಗ ಇನ್ನೊಂದು ಮುಖ. ವ್ಯಕ್ತಿಯನ್ನು ಪೂರ್ತಿ ನಂಬುವ ಪದ್ಧತಿಯಲ್ಲಿ ಆ ವ್ಯಕ್ತಿ ಕೆಟ್ಟವನಾದರೆ? 1933ರಲ್ಲಿ ನಾಜಿಗಳು ಬಂದ ಕೆಲವೇ ತಿಂಗಳಲ್ಲಿ ಯಹೂದಿ ವಿಜ್ಞಾನಿಗಳನ್ನು ಹೊರಹಾಕಿದರು. ಗ್ಯೋಟಿಂಗನ್‌ನಲ್ಲಿ ಹೈಸನ್‌ಬರ್ಗ್ ಜೊತೆ ಕ್ವಾಂಟಂ ಮೆಕ್ಯಾನಿಕ್ಸ್ ಕಟ್ಟಿದ ಮ್ಯಾಕ್ಸ್ ಬಾರ್ನ್ ಕೂಡ ಕೆಲಸ ಕಳೆದುಕೊಂಡರು. ಅವರು 1935-36ರ ಚಳಿಗಾಲ ಕಳೆದದ್ದು ಬೆಂಗಳೂರಿನ ಟಾಟಾ ಇನ್‌ಸ್ಟಿಟ್ಯೂಟ್‌ನಲ್ಲಿ, ಸಿ.ವಿ. ರಾಮನ್ ಕರೆಯ ಮೇಲೆ. ಬಾರ್ನ್‌ಗೆ ಕಾಯಂ ಕೆಲಸ ಕೊಡಿಸಲು ರಾಮನ್ ನೋಡಿದರು, ಒಳಗಿನ ವಿರೋಧದಿಂದ ಆಗಲಿಲ್ಲ. ಬಾರ್ನ್ ಎಡಿನ್‌ಬರೊಗೆ ಹೋದರು. ಮುಂದೆ ಹರಳುಗಳ ಕಂಪನದ ವಿಷಯದಲ್ಲಿ ರಾಮನ್‌ಗೂ ಅವರಿಗೂ ದೊಡ್ಡ ವಾದವೇ ನಡೆಯಿತು, ಅದು ಬೇರೆ ಕಥೆ. 1954ರಲ್ಲಿ ಬಾರ್ನ್‌ಗೆ ನೊಬೆಲ್ ಬಂದಾಗ ನಮ್ಮ ಇನ್‌ಸ್ಟಿಟ್ಯೂಟ್‌ನಲ್ಲಿ ಯಾರಾದರೂ ಕೈ ಹಿಸುಕಿಕೊಂಡಿರಬಹುದು.

ದೇಶದಲ್ಲೇ ಉಳಿದ ವಿಜ್ಞಾನಿಗಳಲ್ಲಿ ಕೆಲವರು ಮಾಡಿದ್ದು ಇದಕ್ಕಿಂತ ಘೋರ. 1940-41ರಲ್ಲಿ ನಾಜಿ ಸರ್ಕಾರ ಮಾನಸಿಕ ಆಸ್ಪತ್ರೆಗಳಿಂದ, ಆಶ್ರಮಗಳಿಂದ 70,000ಕ್ಕೂ ಹೆಚ್ಚು ರೋಗಿಗಳನ್ನು ಮತ್ತು ಅಂಗವಿಕಲರನ್ನು ಒಯ್ದು ಗ್ಯಾಸ್ ಹಾಕಿ ಕೊಂದಿತು. ಬರ್ಲಿನ್-ಬೂಖ್‌ನ ಕೈಸರ್ ವಿಲ್ಹೆಲ್ಮ್ ಮಿದುಳು ಸಂಸ್ಥೆಯಲ್ಲಿ ಯೂಲಿಯುಸ್ ಹಾಲರ್‌ಫೋರ್ಡನ್ ಎಂಬಾತ ಇಂಥ ಕೊಲೆಗಳಲ್ಲಿ ಸತ್ತ ನೂರಾರು ಜನರ, ಮಕ್ಕಳ ಮಿದುಳುಗಳನ್ನು ಸಂಗ್ರಹಿಸಿದ. ಎಲ್ಲಿಂದ ಬರುತ್ತಿವೆ ಎಂದು ಗೊತ್ತಿದ್ದೇ ತೆಗೆದುಕೊಂಡ. ಯುದ್ಧ ಮುಗಿದ ಮೇಲೂ ಆತ ಗೌರವಾನ್ವಿತ ವಿಜ್ಞಾನಿಯಾಗಿಯೇ ಇದ್ದ. ಸೊಸೈಟಿ 1948ರಲ್ಲಿ ಪ್ಲಾಂಕ್ ಹೆಸರಿನಲ್ಲಿ ಹೊಸದಾಗಿ ಹುಟ್ಟಿತು, ಆದರೆ ಆ ಸ್ಲೈಡುಗಳು ಹೊಸ ಸಂಸ್ಥೆಯ ಕಪಾಟಿನಲ್ಲೇ ಉಳಿದವು, ಸಂಶೋಧನೆಗೆ ಬಳಕೆಯಾದವು. 1990ರಲ್ಲಿ ಅವನ್ನು ಮ್ಯೂನಿಕ್‌ನ ಸ್ಮಶಾನದಲ್ಲಿ ಹೂತರು. 2001ರಲ್ಲಿ ಅಧ್ಯಕ್ಷ ಹುಬರ್ಟ್ ಮಾರ್ಕ್ಲ್ ನಾಜಿ ಕ್ರೌರ್ಯಕ್ಕೆ ಸಿಕ್ಕಿ ಬದುಕುಳಿದವರ ಎದುರು ಕ್ಷಮೆ ಕೇಳಿದರು. 2015ರಲ್ಲಿ ಮ್ಯೂನಿಕ್ ಸಂಸ್ಥೆಯ ದಾಸ್ತಾನಿನಲ್ಲಿ ಇನ್ನಷ್ಟು ಸಿಕ್ಕವು. ಆಮೇಲೆ ಒಬ್ಬೊಬ್ಬರ ಹೆಸರು ಹುಡುಕುವ ಕೆಲಸ ಶುರುವಾಯಿತು. ನನ್ನ ದೃಷ್ಟಿಯಲ್ಲಿ ಇದು ತುಂಬಾ ತಡ. ಆದರೂ ಬಚ್ಚಿಡದೆ ಹುಡುಕುತ್ತಿದ್ದಾರೆ ಅನ್ನುವುದನ್ನೂ ಹೇಳಬೇಕು.

ಇವತ್ತಿನ ತೊಂದರೆ ಆ ಮಟ್ಟದ್ದಲ್ಲ, ಆದರೆ ಬೇರು ಅದೇ. ನಿರ್ದೇಶಕರ ಕೈಯಲ್ಲಿ ಅಧಿಕಾರ ಜಾಸ್ತಿ. ಪಿಎಚ್.ಡಿ. ವಿದ್ಯಾರ್ಥಿಯ ಸಂಬಳ, ಪೇಪರ್, ಶಿಫಾರಸು ಪತ್ರ ಎಲ್ಲವೂ ಒಬ್ಬರಲ್ಲೇ. ಒಳ್ಳೆಯವರು ಸಿಕ್ಕರೆ ಸ್ವರ್ಗ. ಸಿಗದಿದ್ದರೆ ದೂರು ಕೊಡಲೂ ಹೆದರಿಕೆ. ಕಿರುಕುಳದ ದೂರುಗಳು ಅಲ್ಲಿನ ಪತ್ರಿಕೆಗಳಲ್ಲೇ ಬಂದಿವೆ. ಕೆಳಗಿನವರ ಕೆಲಸಕ್ಕೂ ಭದ್ರತೆಯಿಲ್ಲ. ಜರ್ಮನ್ ಕಾನೂನಿನ ಪ್ರಕಾರ ಸಾಮಾನ್ಯವಾಗಿ ಪಿಎಚ್.ಡಿ.ಗೆ ಮುಂಚೆ 6 ವರ್ಷ, ಆಮೇಲೆ 6 ವರ್ಷ ತಾತ್ಕಾಲಿಕ ಕೆಲಸದಲ್ಲಿ ಇರಿಸಬಹುದು. ಅಷ್ಟರಲ್ಲಿ ಕಾಯಂ ಆಗದಿದ್ದರೆ ಹೆಚ್ಚಿನವರು ಸಂಶೋಧನೆಯನ್ನೇ ಬಿಡಬೇಕಾಗುತ್ತದೆ. ಇದರ ವಿರುದ್ಧ 2021ರಲ್ಲಿ ಯುವ ವಿಜ್ಞಾನಿಗಳು ದೊಡ್ಡದಾಗಿ ದನಿ ಎತ್ತಿದರು.

ಮಗಳನ್ನು ಕಳಿಸಬಹುದಾ? ಕಳಿಸಿ. ಫೀಸ್ ಇಲ್ಲ, ಸಂಬಳ ಬರುತ್ತದೆ, ಆರೋಗ್ಯ ವಿಮೆ ಇರುತ್ತದೆ, ಲ್ಯಾಬಿನ ಭಾಷೆ ಇಂಗ್ಲಿಷ್. ಎಂ.ಎಸ್ಸಿ. ಮುಗಿದಿರಬೇಕು. ಸಾಮಾನ್ಯವಾಗಿ ಮೂರರಿಂದ ನಾಲ್ಕು ವರ್ಷ. ಇಂಟರ್‌ನ್ಯಾಷನಲ್ ಮ್ಯಾಕ್ಸ್ ಪ್ಲಾಂಕ್ ರಿಸರ್ಚ್ ಸ್ಕೂಲ್ ಎಂಬ ಕಾರ್ಯಕ್ರಮಗಳಿವೆ, ಅವುಗಳ ಮೂಲಕ ಹೋಗಲಿ. ಅಲ್ಲಿ ಒಬ್ಬ ಗೈಡ್ ಜೊತೆಗೆ ಸಲಹಾ ಸಮಿತಿಯೂ ಇರುತ್ತದೆ, ಎಲ್ಲವೂ ಒಬ್ಬರ ಮರ್ಜಿಯಲ್ಲಿ ಇರುವುದಿಲ್ಲ.

‘ಮ್ಯಾಕ್ಸ್ ಪ್ಲಾಂಕ್‌ಗೇ’ ಅನ್ನುವ ಹಟ ಮಾತ್ರ ಬೇಡ. ಹೆಲ್ಮ್‌ಹೋಲ್ಟ್ಸ್ ಎಂಬ ಇನ್ನೊಂದು ಕೂಟವಿದೆ, ದೊಡ್ಡ ಯಂತ್ರ, ದೊಡ್ಡ ಕೇಂದ್ರಗಳದ್ದು. ಕ್ಯಾನ್ಸರ್ ಇಮ್ಯುನಾಲಜಿಗೆ ಅದರ ಹೈಡೆಲ್‌ಬರ್ಗ್ ಕೇಂದ್ರ, ಅಲ್‌ಜೈಮರ್ ಥರದ ರೋಗಗಳಿಗೆ ಬಾನ್ ಕೇಂದ್ರ ಬಹಳ ಒಳ್ಳೆಯವು. ಲೈಬ್‌ನಿಟ್ಸ್ ಕೂಟದಲ್ಲೂ ಗಟ್ಟಿ ಸಂಸ್ಥೆಗಳಿವೆ. ಫ್ರೌನ್‌ಹೋಫರ್ ಕೈಗಾರಿಕೆಗೆ ಹತ್ತಿರ, ಎಂಪಿ3 ಬಂದದ್ದು ಅಲ್ಲಿಂದಲೇ, ಆಕೆಯ ವಿಷಯಕ್ಕೆ ಅಷ್ಟು ಹೊಂದುವುದಿಲ್ಲ. ಯೂನಿವರ್ಸಿಟಿಗಳನ್ನೂ ಬಿಡಬೇಡಿ.

ಅರ್ಜಿ ಹಾಕುವ ಮುಂಚೆ ಆ ಲ್ಯಾಬ್ ಬಿಟ್ಟು ಹೋದ ಇಬ್ಬರು ಮೂವರು ಹಳೆಯ ವಿದ್ಯಾರ್ಥಿಗಳಿಗೆ ಮೇಲ್ ಮಾಡಿ ವಿಚಾರಿಸಲಿ. ಈಗ ಅಲ್ಲೇ ಇರುವವರು ಎಲ್ಲ ಚೆನ್ನಾಗಿದೆ ಅನ್ನುತ್ತಾರೆ. ಆಮೇಲೆ ನಿರ್ದೇಶಕರ ವಯಸ್ಸು ನೋಡಲಿ. ವ್ಯಕ್ತಿಗೆಂದು ಕಟ್ಟಿದ ವಿಭಾಗ ಆ ವ್ಯಕ್ತಿ ನಿವೃತ್ತರಾದಾಗ ಹೆಚ್ಚಿನ ಕಡೆ ಮುಚ್ಚುತ್ತದೆ, ಸಂಸ್ಥೆಯ ದಿಕ್ಕೇ ಬದಲಾಗುತ್ತದೆ. ಕೋಲರ್ ಇದ್ದ ಫ್ರೈಬುರ್ಗ್ ಸಂಸ್ಥೆಯ ಹೆಸರಿಗೆ ಈಗ ಎಪಿಜೆನೆಟಿಕ್ಸ್ (ಜೀನ್‌ಗಳು ಆನ್-ಆಫ್ ಆಗುವುದರ ಅಧ್ಯಯನ) ಸೇರಿದೆ. ಪ್ಯಾಚ್ ಕ್ಲ್ಯಾಂಪ್ ಹುಟ್ಟಿದ ಗ್ಯೋಟಿಂಗನ್ ಸಂಸ್ಥೆ 2022ರಲ್ಲಿ ಇನ್ನೊಂದರ ಜೊತೆ ಸೇರಿ ಬೇರೆ ಹೆಸರು ಪಡೆಯಿತು. ನಿರ್ದೇಶಕರು ನಿವೃತ್ತರಾಗಲು ಮೂರು ವರ್ಷವಷ್ಟೇ ಉಳಿದಿದ್ದರೆ, ಅವರಿಗೆ ಎಂಥ ಹೆಸರಿದ್ದರೂ, ಆಕೆ ಬೇರೆ ಲ್ಯಾಬ್ ನೋಡಿಕೊಳ್ಳಲಿ.